ಸಿಹಿ ಬನ್ನಿನ ಪಾಕವಿಧಾನ ಗ್ರಾಂ ಲೆಕ್ಕದಲ್ಲಿ ಬರಲಿ

ಮಾನ್ಯ ಸಂಪಾದಕರೇ,

ಅಡುಗೆ ಪುಟಗಳಲ್ಲಿ ಸಿಹಿ ಬನ್ನಿನ ಪಾಕವಿಧಾನ ಬಂದಾಗಲೆಲ್ಲ ಧಾಟಿ ಹೆಚ್ಚುಕಡಿಮೆ ಒಂದೇ. ನಾಲ್ಕು ಕಪ್ ಮೈದಾ, ಅರ್ಧ ಕಪ್ ಸಕ್ಕರೆ, ಎರಡು ಚಮಚ ಯೀಸ್ಟ್, ಬೇಕಾದಷ್ಟು ಹಾಲು. ಎಲ್ಲವನ್ನೂ ಒಟ್ಟಿಗೆ ಕಲಸಿ ಒಂದು ಗಂಟೆ ಬಿಡಿ, ಉಂಡೆ ಕಟ್ಟಿ ಅರ್ಧ ಗಂಟೆ ಬಿಡಿ, 20 ನಿಮಿಷ ಬೇಯಿಸಿ. ಇದನ್ನು ಅಕ್ಷರಶಃ ಪಾಲಿಸಿದವರಿಗೆ ಸಿಗುವುದು ಮೇಲೆ ಕಂದು, ಒಳಗೆ ಗಟ್ಟಿ, ಮರುದಿನ ಒಣಕಲಾಗುವ ಬನ್ನು. ತಪ್ಪು ತಮ್ಮ ಕೈಯದೇ ಎಂದುಕೊಂಡು ಅವರು ಆ ಕೆಲಸವನ್ನೇ ಬಿಟ್ಟುಬಿಡುತ್ತಾರೆ. ತಪ್ಪು ಬಹುಪಾಲು ಪಾಕವಿಧಾನದಲ್ಲೇ ಇರುತ್ತದೆ. ಅದನ್ನು ಸರಿಪಡಿಸುವುದು ಪತ್ರಿಕೆಗಳ ಕೈಯಲ್ಲೇ ಇರುವುದರಿಂದ ಈ ಪತ್ರ.

ಮೊದಲು ಅಳತೆಯ ಮಾತು. 240 ಮಿಲಿಲೀಟರಿನ ಕಪ್ಪಿಗೆ ಮೈದಾವನ್ನು ಚಮಚದಲ್ಲಿ ಹಗುರವಾಗಿ ತುಂಬಿದರೆ ಸುಮಾರು 120 ಗ್ರಾಂ ಹಿಡಿಯುತ್ತದೆ. ಅದೇ ಕಪ್ಪನ್ನು ಡಬ್ಬಿಯೊಳಗೆ ಅದ್ದಿ ಒತ್ತಿ ತೆಗೆದರೆ 150 ಗ್ರಾಂ ಆಗಬಹುದು. ನಾಲ್ಕು ಕಪ್ಪಿಗೆ ಒಬ್ಬರ ಮನೆಯಲ್ಲಿ 480 ಗ್ರಾಂ, ಇನ್ನೊಬ್ಬರ ಮನೆಯಲ್ಲಿ 600 ಗ್ರಾಂ. ಎರಡಕ್ಕೂ 300 ಗ್ರಾಂ ದ್ರವ ಹಾಕಿದರೆ ಮೊದಲನೆಯದು ಕೈಗೆ ಅಂಟುವಷ್ಟು ಮಿದುವಾಗುತ್ತದೆ, ಎರಡನೆಯದು ನಾದಲು ತೋಳು ನೋಯುವಷ್ಟು ಬಿರುಸಾಗುತ್ತದೆ. ‘ಚಮಚ’ ಎಂಬ ಪದದ ತೊಂದರೆ ಇನ್ನೂ ದೊಡ್ಡದು. ಯೀಸ್ಟ್ ಟೀ ಚಮಚದಲ್ಲಿ ಸುಮಾರು 3 ಗ್ರಾಂ, ಊಟದ ದೊಡ್ಡ ಚಮಚದಲ್ಲಿ 9 ಗ್ರಾಂ. ಯಾವ ಚಮಚ ಎಂದು ಹೇಳದೆ ಎರಡು ಚಮಚ ಎಂದು ಅಚ್ಚು ಹಾಕಿದರೆ ಮೂರು ಪಟ್ಟು ವ್ಯತ್ಯಾಸಕ್ಕೆ ದಾರಿಮಾಡಿಕೊಟ್ಟಂತೆ. ಸಣ್ಣ ಡಿಜಿಟಲ್ ತಕ್ಕಡಿಯೊಂದಿದ್ದರೆ ಈ ಗೊಂದಲವೇ ಇರದು. ಹಾಲನ್ನೂ ಅದರಲ್ಲೇ ತೂಗಬಹುದು.

ಎರಡನೆಯದು, ನನ್ನ ಮಟ್ಟಿಗೆ ಮುಖ್ಯವಾದದ್ದು, ಸಕ್ಕರೆ ಮತ್ತು ಯೀಸ್ಟಿನ ಸಂಬಂಧ. ಸಕ್ಕರೆ ಯೀಸ್ಟಿಗೆ ಆಹಾರ ಎಂದಷ್ಟೇ ಎಲ್ಲರೂ ಬರೆಯುತ್ತಾರೆ. ಸ್ವಲ್ಪ ಇದ್ದಾಗ ಅದು ನಿಜ. ಮೈದಾದ ತೂಕದ ಶೇ 10ನ್ನು ದಾಟಿದ ಮೇಲೆ ಅದೇ ಸಕ್ಕರೆ ಯೀಸ್ಟ್ ಕೋಶಗಳೊಳಗಿನ ನೀರನ್ನು ಹೊರಗೆಳೆಯತೊಡಗುತ್ತದೆ. ಉಪ್ಪಿನಕಾಯಿಗೆ ಉಪ್ಪು ಹಾಕಿದಾಗ ಹೋಳು ನೀರು ಬಿಡುತ್ತದಲ್ಲ, ಇಲ್ಲಿ ಆಗುವುದೂ ಅದೇ. ನೀರು ಕಳೆದುಕೊಂಡ ಯೀಸ್ಟ್ ನಿಧಾನವಾಗುತ್ತದೆ. ಸಾದಾ ಬ್ರೆಡ್ಡಿನ ಕಣಕ ಒಂದು ಗಂಟೆಯಲ್ಲಿ ಉಬ್ಬುವ ಜಾಗದಲ್ಲಿ ಸಿಹಿ ಕಣಕ ಎರಡು ಗಂಟೆ ಕೇಳುವುದು ಇದಕ್ಕೇ. ಉಬ್ಬಲಿಲ್ಲವೆಂದು ಇನ್ನಷ್ಟು ಸಕ್ಕರೆ ಸೇರಿಸುವವರಿದ್ದಾರೆ. ಅದರಿಂದ ಇದ್ದ ತೊಂದರೆ ಇಮ್ಮಡಿಯಾಗುತ್ತದೆ.

ಹಳೆಯ ಕಾಲದ ಬನ್ ತಯಾರಕರು ಇದಕ್ಕೊಂದು ಉಪಾಯ ಕಂಡುಕೊಂಡಿದ್ದರು. ಹಿಟ್ಟಿನ ಒಂದು ಪಾಲನ್ನು ಹಾಲು, ಯೀಸ್ಟ್ ಮಾತ್ರ ಹಾಕಿ ಮೊದಲು ಕಲಸಿಡುವುದು. ಯೀಸ್ಟ್ ಚೆನ್ನಾಗಿ ಎಚ್ಚೆತ್ತ ಮೇಲೆ ಸಕ್ಕರೆ, ಬೆಣ್ಣೆ ಸೇರಿಸುವುದು. ಜರ್ಮನರು ಇದನ್ನು ಫೋರ್‌ಟೈಗ್ ಎನ್ನುತ್ತಾರೆ, ಆಸ್ಟ್ರಿಯಾದವರು ಡಾಂಪ್‌ಫಲ್ ಎನ್ನುತ್ತಾರೆ, ಇಂಗ್ಲಿಷಿನಲ್ಲಿ ಇದರ ಹೆಸರು ಸ್ಪಂಜ್. ಹುದುಗುವುದು ಜೀವಂತ ಯೀಸ್ಟಿನ ಕೆಲಸ ಎಂದು ಲೂಯಿ ಪಾಶ್ಚರ್ 1850ರ ದಶಕದ ಕೊನೆಯಲ್ಲಿ ತೋರಿಸಿಕೊಡುವ ಎಷ್ಟೋ ಮೊದಲೇ ಅಡುಗೆಮನೆಗಳಲ್ಲಿ ಈ ಪದ್ಧತಿ ನಡೆದುಬಂದಿತ್ತು. ಪಾಕವಿಧಾನವನ್ನು ಚಿಕ್ಕದಾಗಿಸುವ ಭರದಲ್ಲಿ ನಾವು ಮೊದಲು ಬಿಟ್ಟದ್ದು ಈ ಹಂತವನ್ನೇ. ಅದನ್ನು ಮರಳಿ ತರಬೇಕೆಂಬುದು ನನ್ನ ಕೋರಿಕೆ.

ಲೆಕ್ಕ ಹೀಗೆ ಕೊಡಬಹುದು. ಮೈದಾ 500 ಗ್ರಾಂ, ಹಾಲು 250 ಗ್ರಾಂ, ಮೊಟ್ಟೆ ಒಂದು (ಚಿಪ್ಪು ಬಿಟ್ಟು 50 ಗ್ರಾಂ), ಸಕ್ಕರೆ 75 ಗ್ರಾಂ, ಬೆಣ್ಣೆ 75 ಗ್ರಾಂ, ಉಪ್ಪು 8 ಗ್ರಾಂ, ಇನ್‌ಸ್ಟಂಟ್ ಯೀಸ್ಟ್ 7 ಗ್ರಾಂ, ಏಲಕ್ಕಿ ಪುಡಿ 2 ಗ್ರಾಂ. ಒಟ್ಟು 967 ಗ್ರಾಂ ಕಣಕ. ತಲಾ 60 ಗ್ರಾಂನ 16 ಬನ್ನು ಅಥವಾ 80 ಗ್ರಾಂನ 12. ಮೈದಾ ಪೊಟ್ಟಣದ ಹಿಂಭಾಗದಲ್ಲಿ 100 ಗ್ರಾಂಗೆ ಪ್ರೋಟೀನ್ 11ರಿಂದ 12 ಗ್ರಾಂ ಎಂದಿದ್ದರೆ ಒಳ್ಳೆಯದು. 9ರ ಆಸುಪಾಸಿನದು ಕೇಕಿಗೆ ಸರಿ, ಬನ್ನಿನ ಭಾರವನ್ನು ಹೊರಲಾರದು. ಮೊಟ್ಟೆ ಬೇಡದವರು ಅದರ ಬದಲು 40 ಗ್ರಾಂ ಹಾಲು, 10 ಗ್ರಾಂ ಬೆಣ್ಣೆ ಹೆಚ್ಚಿಗೆ ಹಾಕಲಿ. ಬಣ್ಣ ಸ್ವಲ್ಪ ಕಡಿಮೆ ಬರುತ್ತದೆ, ಮಿದುತನಕ್ಕೆ ಕೊರತೆಯಿಲ್ಲ. ಗೋಧಿ ಹಿಟ್ಟು ಬೆರೆಸುವುದಾದರೆ 500ರಲ್ಲಿ 150 ಗ್ರಾಂ ಮೀರದಿರಲಿ. ಅದರ ತೌಡಿನ ಚೂರುಗಳು ಗ್ಲುಟೆನ್ ಎಳೆಗಳನ್ನು (ನಾದಿದಾಗ ಹಿಟ್ಟಿನ ಪ್ರೋಟೀನು ಕೂಡಿ ಆಗುವ ಹಿಗ್ಗುವ ಎಳೆಗಳನ್ನು) ಕತ್ತರಿಸುತ್ತವೆ, ನೀರನ್ನೂ ಹೆಚ್ಚು ಕುಡಿಯುತ್ತವೆ.

ಯೀಸ್ಟ್ ಯಾವ ಬಗೆಯದೆಂದು ಬರೆಯದ ಪಾಕವಿಧಾನ ಅರ್ಧ ಪಾಕವಿಧಾನ. ಇನ್‌ಸ್ಟಂಟ್ 7 ಗ್ರಾಂ ಇರುವಲ್ಲಿ ಆಕ್ಟಿವ್ ಡ್ರೈ ಯೀಸ್ಟ್ ಸುಮಾರು 9 ಗ್ರಾಂ, ಹಸಿ ಯೀಸ್ಟ್ 20 ಗ್ರಾಂ ಬೇಕು. ಇನ್‌ಸ್ಟಂಟನ್ನು ನೇರವಾಗಿ ಹಿಟ್ಟಿಗೆ ಬೆರೆಸಬಹುದು. ಆಕ್ಟಿವ್ ಡ್ರೈಯನ್ನು 40 ಡಿಗ್ರಿಯ ಉಗುರುಬೆಚ್ಚನೆಯ ನೀರಿನಲ್ಲಿ ಹತ್ತು ನಿಮಿಷ ನೆನೆಸಬೇಕು, ಆ ನೀರಿನಷ್ಟು ಹಾಲು ಕಡಿಮೆ ಮಾಡಬೇಕು. ತಣ್ಣೀರಿನಲ್ಲಿ ನೆನೆಸಿದರೆ ಕೋಶಗಳಿಂದ ಗ್ಲುಟಥಿಯೋನ್ ಎಂಬ ವಸ್ತು ಸೋರಿ ಕಣಕ ಜೋಲುಬೀಳುತ್ತದೆ. ಬೆರಳು ಇಡಲಾಗದಷ್ಟು ಬಿಸಿ ಹಾಲಿಗೆ ಹಾಕಿದರೆ, ಎಂದರೆ 55–60 ಡಿಗ್ರಿಯ ಹೊತ್ತಿಗೆ, ಯೀಸ್ಟ್ ಸತ್ತೇಹೋಗುತ್ತದೆ. ಸಕ್ಕರೆಯನ್ನು ಶೇ 20ರ ಮೇಲೆ ಏರಿಸುವವರು ಸಿಹಿ ಕಣಕಕ್ಕೆಂದೇ ಮಾರುವ, ಸಕ್ಕರೆ ತಾಳಿಕೊಳ್ಳುವ ಯೀಸ್ಟನ್ನು ಹುಡುಕುವುದು ಉತ್ತಮ.

ಹಾಲನ್ನು ಚೆನ್ನಾಗಿ ಕಾಯಿಸಿ ಆರಿಸಿಯೇ ಬಳಸಬೇಕು. ಕಾಯಿಸದ ಹಾಲಿನ ಹಾಲೊಡಕಿನಲ್ಲಿರುವ ಪ್ರೋಟೀನುಗಳು ಗ್ಲುಟೆನನ್ನು ಸಡಿಲಗೊಳಿಸುತ್ತವೆ. 85 ಡಿಗ್ರಿ ದಾಟುವಷ್ಟು ಕಾಯಿಸಿದಾಗ ಆ ಗುಣ ಹೋಗುತ್ತದೆ. ತೂಕ ಮಾಡುವುದು ಕಾಯಿಸಿ ಆರಿದ ಮೇಲೆ. ಮೊದಲೇ ತೂಗಿದರೆ ಆವಿಯಾದ ನೀರಿನಷ್ಟು ಕಣಕ ಗಟ್ಟಿಯಾಗುತ್ತದೆ.

ಇನ್ನು ಕ್ರಮ. 150 ಗ್ರಾಂ ಮೈದಾ, 150 ಗ್ರಾಂ ಉಗುರುಬೆಚ್ಚನೆಯ ಹಾಲು, ಪೂರ್ತಿ ಯೀಸ್ಟ್ ಇಷ್ಟನ್ನು ದೋಸೆಹಿಟ್ಟಿಗಿಂತ ಗಟ್ಟಿಯಾಗಿ ಕಲಸಿ ಮುಚ್ಚಿಡಬೇಕು. 30ರಿಂದ 40 ನಿಮಿಷಕ್ಕೆ ಮೇಲ್ಮೈ ತುಂಬ ಗುಳ್ಳೆಯೆದ್ದು, ನಡುಭಾಗ ಉಬ್ಬಿ ಇನ್ನೇನು ಕುಸಿಯುತ್ತದೆ ಎನ್ನುವಂತಾಗುತ್ತದೆ. ಅದೇ ಸರಿಯಾದ ಹದ. ಒಂದು ಗುಳ್ಳೆಯೂ ಏಳದಿದ್ದರೆ ಯೀಸ್ಟ್ ಹಳೆಯದು. ಅಲ್ಲಿಗೇ ನಿಲ್ಲಿಸಿದರೆ ಉಳಿದ ಹಿಟ್ಟು, ಬೆಣ್ಣೆ, ಮೊಟ್ಟೆಯಾದರೂ ಉಳಿಯುತ್ತವೆ. ಈ ಹಂತದ ಇನ್ನೊಂದು ಲಾಭವೇ ಇದು.

ಮಿಕ್ಕ 350 ಗ್ರಾಂ ಮೈದಾ, 100 ಗ್ರಾಂ ಹಾಲು, ಮೊಟ್ಟೆ, ಸಕ್ಕರೆ, ಏಲಕ್ಕಿ, ಉಪ್ಪು ಸೇರಿಸಿ ಒಣ ಹಿಟ್ಟು ಕಾಣದಷ್ಟು ಕಲಸಿ 20 ನಿಮಿಷ ಸುಮ್ಮನೆ ಬಿಡಬೇಕು. ಹಿಟ್ಟು ನೀರು ಕುಡಿಯಲು ಸಮಯ ಸಿಕ್ಕರೆ ನಾದುವ ಕೆಲಸ ಅರ್ಧಕ್ಕೆ ಇಳಿಯುತ್ತದೆ. ಬೆಣ್ಣೆಯನ್ನು ಈಗ ಹಾಕಬಾರದು. ಕೊಬ್ಬು ಹಿಟ್ಟಿನ ಕಣಗಳಿಗೆ ಮೆತ್ತಿಕೊಂಡರೆ ಗ್ಲುಟೆನ್ ಕೂಡಿಕೊಳ್ಳುವುದು ತಡವಾಗುತ್ತದೆ. ಎಂಟು–ಹತ್ತು ನಿಮಿಷ ನಾದಿ ಕಣಕ ನಯವಾದ ಮೇಲೆ, ಒತ್ತಿದರೆ ಬೆರಳಚ್ಚು ಬೀಳುವಷ್ಟು ಮಿದುವಾದ, ಆದರೆ ಕರಗದ ಬೆಣ್ಣೆಯನ್ನು ಮೂರು ನಾಲ್ಕು ಸಲವಾಗಿ ಸೇರಿಸುತ್ತ ಇನ್ನೂ ಐದಾರು ನಿಮಿಷ ನಾದಬೇಕು. ಬೆಣ್ಣೆ ಸೇರಿದ ಕೂಡಲೇ ಕಣಕ ಒಡೆದು ಜಾರಿ ಹಾಳಾದಂತೆ ಕಾಣುತ್ತದೆ. ಗಾಬರಿಯಾಗಿ ಮೈದಾ ಉದುರಿಸುವವರೇ ಹೆಚ್ಚು. ಬನ್ನು ಗಟ್ಟಿಯಾಗುವ ಕಾರಣಗಳಲ್ಲಿ ಮೊದಲನೆಯದು ಈ ಗಾಬರಿಯ ಹಿಡಿ ಹಿಟ್ಟು. ಎರಡು ನಿಮಿಷ ತಾಳಿ ನಾದಿದರೆ ಅದು ತಾನಾಗಿ ಕೂಡಿಕೊಳ್ಳುತ್ತದೆ, ಪಾತ್ರೆಯ ಅಂಚು ಬಿಡುತ್ತದೆ. ಸಾಕೆಂದು ತಿಳಿಯಲು ನಿಂಬೆಗಾತ್ರದ ಚೂರನ್ನು ನಾಲ್ಕೂ ಕಡೆ ಮೆಲ್ಲನೆ ಹಿಗ್ಗಿಸಬೇಕು. ಬೆಳಕು ಆಚೆ ಕಾಣುವಷ್ಟು ತೆಳುವಾದ ಪೊರೆ ಹರಿಯದೆ ಬಂದರೆ ಆಯಿತು. ಬೇಗ ಹರಿದರೆ, ಹರಿದ ಅಂಚು ಗರಗಸದಂತಿದ್ದರೆ ಇನ್ನೂ ನಾದಬೇಕು.

ನಾದಿ ಮುಗಿದಾಗ ಕಣಕದ ಬಿಸಿ 25ರಿಂದ 27 ಡಿಗ್ರಿ ಇರಬೇಕು. ಈ ಒಂದು ಅಂಕಿಯನ್ನು ಅಚ್ಚು ಹಾಕಿದರೆ ‘ಒಂದು ಗಂಟೆ ಬಿಡಿ’ ಎಂಬ ಮಾತಿಗೆ ಅರ್ಥ ಬರುತ್ತದೆ. ಅಡುಗೆಮನೆ 32 ಡಿಗ್ರಿ ಇದ್ದರೆ ಎರಡನೇ ಸಲದ ಹಾಲು, ಮೊಟ್ಟೆ ಫ್ರಿಜ್ಜಿನಿಂದ ನೇರವಾಗಿ ಬರಲಿ. 20 ಡಿಗ್ರಿ ಇದ್ದರೆ ಹಾಲು ಉಗುರುಬೆಚ್ಚಗಿರಲಿ. ನಾದುವ ಯಂತ್ರ ತಿಕ್ಕಾಟದಿಂದಲೇ ಕಣಕವನ್ನು ಬಿಸಿ ಮಾಡುತ್ತದೆ. ನಾಲ್ಕು ನಿಮಿಷಕ್ಕೊಮ್ಮೆ ನಿಲ್ಲಿಸಿ ಮುಟ್ಟಿ ನೋಡಬೇಕು.

ಉಪ್ಪಿನ ಬಗ್ಗೆ ಒಂದು ಮಾತು. ಸಿಹಿ ತಿಂಡಿಗೆ ಉಪ್ಪೇಕೆ ಎಂದು ಬಿಡುವವರಿದ್ದಾರೆ. ಉಪ್ಪಿಲ್ಲದ ಸಿಹಿ ಬನ್ನು ಸಪ್ಪೆ, ಕಣಕವೂ ಜೋಲು. ಮೈದಾದ ಶೇ 1.5ರಷ್ಟಾದರೂ ಬೇಕೇ ಬೇಕು. ಅಡುಗೆ ಸೋಡಾ, ಬೇಕಿಂಗ್ ಪೌಡರ್ ಮಾತ್ರ ಇಲ್ಲಿ ಬೇಡ.

ಮೊದಲ ಉಬ್ಬನ್ನು ಗಡಿಯಾರದಿಂದ ಅಳೆಯದೆ ಪಾತ್ರೆಯಿಂದ ಅಳೆಯಬೇಕು. ನೇರ ಅಂಚಿನ ಡಬ್ಬಿಗೆ ಕಣಕ ಹಾಕಿ, ಅದರ ಮಟ್ಟಕ್ಕೆ ರಬ್ಬರ್ ಬ್ಯಾಂಡ್ ಸುತ್ತಿದರೆ ಎರಡರಷ್ಟಾಯಿತೋ ಇಲ್ಲವೋ ಎಂಬ ಊಹೆ ಇರುವುದಿಲ್ಲ. 27 ಡಿಗ್ರಿಯಲ್ಲಿ ಒಂದೂವರೆ ಗಂಟೆ ಆಸುಪಾಸು. ಹಿಟ್ಟು ಸವರಿದ ಬೆರಳನ್ನು ಒತ್ತಿ ತೆಗೆದಾಗ ಗುಳಿ ಹಾಗೇ ನಿಂತರೆ ಮುಂದಿನ ಕೆಲಸಕ್ಕೆ ಸಿದ್ಧ. ಬೇಗ ಆಗಲೆಂದು ಯೀಸ್ಟನ್ನು ಇಮ್ಮಡಿ ಮಾಡಿದರೆ ಬನ್ನಿಗೆ ಹೆಂಡದಂಥ ಘಾಟು ಹತ್ತುತ್ತದೆ, ಏಲಕ್ಕಿಯೂ ಅದನ್ನು ಮುಚ್ಚಲಾರದು. ಆತುರ ಇಲ್ಲದವರಿಗೆ ಇನ್ನೂ ಒಳ್ಳೆಯ ದಾರಿಯಿದೆ. ಕಣಕ ಅರ್ಧದಷ್ಟು ಉಬ್ಬಿದ ಮೇಲೆ ಮುಚ್ಚಿ 4 ಡಿಗ್ರಿಯ ಫ್ರಿಜ್ಜಿನಲ್ಲಿ 8ರಿಂದ 16 ಗಂಟೆ ಇಡುವುದು. ಬೆಣ್ಣೆ ಹೆಪ್ಪುಗಟ್ಟಿ ಕಣಕ ಕೈಗೆ ಅಂಟದೆ ಲಟ್ಟಿಸಲು ಸಲೀಸು, ರುಚಿಯೂ ಹೆಚ್ಚು ಆಳ.

ಉಂಡೆ ಕಟ್ಟುವಾಗ ತೂಗಿಯೇ ಕತ್ತರಿಸಬೇಕು. 50 ಗ್ರಾಂನದೂ 75 ಗ್ರಾಂನದೂ ಒಂದೇ ಟ್ರೇಯಲ್ಲಿದ್ದರೆ ಒಂದು ಒಣಗುವ ಹೊತ್ತಿಗೆ ಇನ್ನೊಂದು ಹಸಿಯಾಗಿರುತ್ತದೆ. ಮೊದಲು ಸಡಿಲವಾಗಿ ಉಂಡೆ ಮಾಡಿ ಹತ್ತು ನಿಮಿಷ ಮುಚ್ಚಿಟ್ಟು, ಆಮೇಲೆ ಅಂಗೈ ಬಟ್ಟಲಿನಂತೆ ಹಿಡಿದು ಹಲಗೆಯ ಮೇಲೆ ತಿರುಗಿಸುತ್ತ ಮೇಲ್ಮೈ ಬಿಗಿಯಾಗುವಂತೆ ಕಟ್ಟಬೇಕು. ಹಲಗೆಗೆ ಹಿಟ್ಟು ಉದುರಿಸಬಾರದು. ಉಂಡೆಯ ಅಡಿ ಹಲಗೆಗೆ ತುಸು ಅಂಟಿದರೆ ಮಾತ್ರ ಮೇಲ್ಮೈ ಬಿಗಿಯುತ್ತದೆ, ಇಲ್ಲದಿದ್ದರೆ ಸುಮ್ಮನೆ ಜಾರುತ್ತದೆ. ಬಾಯಿ ಕೆಳಗೆ ಬರಲಿ. ಬಿಗಿ ಸಾಲದಿದ್ದರೆ ಬನ್ನು ಮೇಲಕ್ಕೇರದೆ ಅಗಲಕ್ಕೆ ಹರಡುತ್ತದೆ.

ದಾಲ್ಚಿನ್ನಿ ಸುರುಳಿ ಮಾಡುವವರು ದಾಲ್ಚಿನ್ನಿಯನ್ನು ಕಣಕಕ್ಕೆ ಬೆರೆಸಬಾರದು. ಅದರಲ್ಲಿರುವ ಸಿನಮಾಲ್ಡಿಹೈಡ್ ಎಂಬ ಅಂಶ ಯೀಸ್ಟನ್ನು ಕುಗ್ಗಿಸುತ್ತದೆ, ಹೂರಣದಲ್ಲೇ ಇರಲಿ. ಕಣಕವನ್ನು 30×45 ಸೆಂಟಿಮೀಟರಿಗೆ ಲಟ್ಟಿಸಿ, 80 ಗ್ರಾಂ ಮಿದು ಬೆಣ್ಣೆ, 100 ಗ್ರಾಂ ಸಕ್ಕರೆ, 8 ಗ್ರಾಂ ದಾಲ್ಚಿನ್ನಿ ಪುಡಿ, ಒಂದು ದೊಡ್ಡ ಚಮಚ ಮೈದಾ ಕಲಸಿ ಸವರಬೇಕು. ಬೆಣ್ಣೆಯನ್ನು ಕರಗಿಸಿ ಸುರಿದರೆ ಹೂರಣ ಸೋರಿ ಟ್ರೇಯಲ್ಲಿ ಕರಿಹತ್ತುತ್ತದೆ. ಆ ಒಂದು ಚಮಚ ಮೈದಾ ಇರುವುದು ಸಕ್ಕರೆ ಬಿಡುವ ಪಾಕವನ್ನು ಹಿಡಿದಿಡಲು. ಸುರುಳಿ ತೀರ ಬಿಗಿಯಾದರೆ ಬೇಯುವಾಗ ನಡುಭಾಗ ಗೋಪುರದಂತೆ ಮೇಲೇಳುತ್ತದೆ. ಕತ್ತರಿಸಲು ಚಾಕುವಿಗಿಂತ ದಾರ ಒಳ್ಳೆಯದು. ಸುರುಳಿಯ ಕೆಳಗೆ ದಾರ ಹಾಯಿಸಿ ಮೇಲೆ ಗಂಟು ಹಾಕುವಂತೆ ಎಳೆದರೆ ಪದರ ಅಪ್ಪಚ್ಚಿಯಾಗದು. ಒಣದ್ರಾಕ್ಷಿ ಹಾಕುವುದಾದರೆ 20 ನಿಮಿಷ ನೆನೆಸಿ ಬಟ್ಟೆಯಲ್ಲಿ ಒರೆಸಿ ಹಾಕಬೇಕು. ಒಣದಾಗಿಯೇ ಹಾಕಿದರೆ ಅದು ಕಣಕದ ನೀರು ಕುಡಿಯುತ್ತದೆ. ಮೇಲೆ ಇಣುಕುವ ದ್ರಾಕ್ಷಿ ಸುಟ್ಟು ಕಹಿಯಾಗುವುದರಿಂದ ಅವನ್ನು ಒಳಕ್ಕೆ ಒತ್ತಿಬಿಡಬೇಕು.

ಎರಡನೇ ಉಬ್ಬಿನಲ್ಲಿ ಅತಿ ಹೆಚ್ಚು ಬನ್ನು ಕೆಡುತ್ತವೆ. ಬಿಸಿ ಜಾಗದಲ್ಲಿಡಿ ಎಂಬ ಸಲಹೆಯನ್ನು ನಂಬಿ ಒಲೆಯ ಪಕ್ಕ ಇಟ್ಟರೆ 32 ಡಿಗ್ರಿ ದಾಟಿದೊಡನೆ ಬೆಣ್ಣೆ ಕರಗಿ ಅಡಿಗಿಳಿಯುತ್ತದೆ. ಬೇಯಿಸಿದ ಬನ್ನಿನ ತಳ ಜಿಡ್ಡಾಗಿ, ಮೇಲೆ ಒಣಗಿದ್ದರೆ ಕಾರಣ ಇದೇ. 27ರಿಂದ 30 ಡಿಗ್ರಿ ಸಾಕು. ಹಚ್ಚದ ಓವನ್ನಿನೊಳಗೆ ಟ್ರೇಯ ಕೆಳಗೆ ಒಂದು ಬಟ್ಟಲು ಬಿಸಿನೀರು ಇಟ್ಟರೆ ಹದವಾದ ಬಿಸಿಯೂ ತೇವವೂ ಸಿಗುತ್ತವೆ, ಸಿಪ್ಪೆಗಟ್ಟದು. ಇಲ್ಲಿ ಎರಡರಷ್ಟಾಗುವವರೆಗೆ ಕಾಯಬಾರದು. ಒಂದೂವರೆಯಿಂದ ಒಂದೂಮುಕ್ಕಾಲು ಪಟ್ಟು ಸಾಕು. ಟ್ರೇ ಅಲುಗಿಸಿದರೆ ಉಂಡೆಗಳು ತುಳುಕುವಂತೆ ನಡುಗಬೇಕು, ಬೆರಳ ಗುಳಿ ನಿಧಾನವಾಗಿ ಅರ್ಧ ತುಂಬಿಕೊಳ್ಳಬೇಕು. ಗುಳಿ ತಟ್ಟನೆ ಮೇಲೆದ್ದರೆ ಇನ್ನೂ ಹೊತ್ತು ಬೇಕು. ಆಗಲೇ ಒಲೆಗಿಟ್ಟರೆ ಪಕ್ಕದಲ್ಲಿ ಬಾಯಿಬಿಡುತ್ತದೆ. ಗುಳಿ ಏಳದೆ ಸುತ್ತಲೂ ಸುಕ್ಕಾದರೆ ಹೊತ್ತು ಮೀರಿದೆ. ಮೊಟ್ಟೆ ಸವರುವಾಗಲೇ ಕುಸಿಯುತ್ತದೆ. ಹಾಗಾದದ್ದನ್ನು ಮತ್ತೆ ನಾದಿ ಉಂಡೆ ಕಟ್ಟಿ ಇನ್ನೊಮ್ಮೆ ಉಬ್ಬಿಸಬಹುದು, ಎಸೆಯುವ ಅಗತ್ಯವಿಲ್ಲ.

ಸವರಲು ಒಂದು ಮೊಟ್ಟೆ, ಒಂದು ದೊಡ್ಡ ಚಮಚ ಹಾಲು, ಚಿಟಿಕೆ ಉಪ್ಪು. ಉಪ್ಪು ಹಾಕಿ ಹತ್ತು ನಿಮಿಷ ಬಿಟ್ಟರೆ ಮೊಟ್ಟೆಯ ಲೋಳೆ ತೆಳುವಾಗಿ ಒಂದೇ ಸಮ ಹರಡುತ್ತದೆ. ಬರೀ ಹಾಲು ಸವರಿದರೂ ಮಂದವಾದ ಕಂದು ಬರುತ್ತದೆ. ಹಾಲಿನ ಸಹಜ ಸಕ್ಕರೆಯಾದ ಲ್ಯಾಕ್ಟೋಸನ್ನು ಬನ್ನಿನ ಯೀಸ್ಟ್ ತಿನ್ನಲಾರದು, ಅದು ಉಳಿದು ಒಲೆಯಲ್ಲಿ ಪ್ರೋಟೀನಿನೊಂದಿಗೆ ಸೇರಿ ಬಣ್ಣ, ಪರಿಮಳ ಕೊಡುತ್ತದೆ. 1912ರಲ್ಲಿ ಫ್ರೆಂಚ್ ವಿಜ್ಞಾನಿ ಲೂಯಿ ಕಮೀಯ್ ಮೈಯಾರ್ ವಿವರಿಸಿದ ಕ್ರಿಯೆ ಇದೇ.

ಬಿಡಿಬಿಡಿಯಾಗಿಟ್ಟ 60 ಗ್ರಾಂನ ಬನ್ನಿಗೆ 190 ಡಿಗ್ರಿಯಲ್ಲಿ 14ರಿಂದ 17 ನಿಮಿಷ. 23×33 ಸೆಂಟಿಮೀಟರಿನ ಟಿನ್ನಿನಲ್ಲಿ ಒಂದಕ್ಕೊಂದು ತಾಗಿದ 80 ಗ್ರಾಂನವಕ್ಕೆ 180ರಲ್ಲಿ 22ರಿಂದ 26 ನಿಮಿಷ. ಫ್ಯಾನ್ ಇದ್ದರೆ 20 ಡಿಗ್ರಿ ಇಳಿಸಬೇಕು. ಓವನ್ನಿನ ಗುಂಡಿ ತೋರಿಸುವ ಅಂಕಿಯನ್ನು ಪೂರ್ತಿ ನಂಬಬಾರದು. ಒಳಗಿಡುವ ಥರ್ಮಾಮೀಟರ್ ಇದ್ದರೆ ಸತ್ಯ ಗೊತ್ತಾಗುತ್ತದೆ. ಚಿಕ್ಕ ಓವನ್ನಿನಲ್ಲಿ ಮೇಲಿನ ಕಾಯಿಲ್ ಬನ್ನಿಗೆ ತೀರ ಹತ್ತಿರವಿರುವುದರಿಂದ ಸಕ್ಕರೆಯಿರುವ ಮೇಲ್ಮೈ ಎಂಟು ನಿಮಿಷಕ್ಕೇ ಕಂದಾಗುತ್ತದೆ. ಬೆಂದಿತೆಂದು ಹೊರತೆಗೆದರೆ ನಡುಭಾಗ ಹಸಿ. ಅಲ್ಯುಮಿನಿಯಂ ಹಾಳೆಯನ್ನು ಸಡಿಲವಾಗಿ ಹೊದಿಸಿ ಉಳಿದ ಹೊತ್ತು ಬೇಯಲು ಬಿಡಬೇಕು. ತಳ ಸೀಯುತ್ತಿದ್ದರೆ ಕೆಳಗೆ ಇನ್ನೊಂದು ಟ್ರೇ. ನಡುಮಧ್ಯದ ಬನ್ನಿನ ಒಳಗೆ ಸೂಜಿ ಥರ್ಮಾಮೀಟರ್ ಚುಚ್ಚಿದಾಗ 88ರಿಂದ 92 ಡಿಗ್ರಿ ತೋರಿಸಿದರೆ ಬೆಂದಿದೆ. 95 ದಾಟಿದರೆ ಒಣಗತೊಡಗುತ್ತದೆ.

ಹೊರಬಂದ ಕೂಡಲೇ ಬೆಣ್ಣೆ ಸವರಿ ಬಟ್ಟೆ ಹೊದಿಸಿದರೆ ಸಿಪ್ಪೆ ಮಿದುವಾಗುತ್ತದೆ. ಟಿನ್ನಿನಲ್ಲಿ ಐದು ನಿಮಿಷಕ್ಕಿಂತ ಹೆಚ್ಚು ಬಿಡದೆ ತಂತಿಜಾಲರಿಗೆ ಎತ್ತಿಡಬೇಕು, ಇಲ್ಲದಿದ್ದರೆ ಆವಿ ನಿಂತು ತಳ ಒದ್ದೆ. ಫ್ರಿಜ್ಜಿನಲ್ಲಿಡುವುದು ಮಾತ್ರ ಬೇಡ. ಬೆಂದ ಪಿಷ್ಟ ಮತ್ತೆ ಗಟ್ಟಿಯಾಗುವ ಕ್ರಿಯೆ ಫ್ರಿಜ್ಜಿನ ತಂಪಿನಲ್ಲೇ ಅತಿ ವೇಗ. ಎರಡು ದಿನಕ್ಕೆ ಮುಚ್ಚಿದ ಡಬ್ಬಿ, ಅದಕ್ಕೂ ಹೆಚ್ಚಿಗೆ −18 ಡಿಗ್ರಿಯ ಫ್ರೀಜರ್. ತಿನ್ನುವ ಮೊದಲು ಹೊರಗಿಟ್ಟು ಕರಗಿಸಿ 150 ಡಿಗ್ರಿಯಲ್ಲಿ ಎಂಟು ನಿಮಿಷ. ಮೂರನೇ ದಿನವೂ ಮಿದುವಾಗಿರಬೇಕೆಂದರೆ ಎರಡನೇ ಸಲ ಕಲಸುವ ಮೈದಾದಲ್ಲೇ 20 ಗ್ರಾಂ ತೆಗೆದು, ಆ ಸಲದ 100 ಗ್ರಾಂ ಹಾಲಿನಲ್ಲಿ ಗಂಟಿಲ್ಲದೆ ಕದಡಿ, 65 ಡಿಗ್ರಿಯವರೆಗೆ ಕೈಯಾಡಿಸುತ್ತ ಗಂಜಿ ಕಾಯಿಸಿ, ಆರಿಸಿ ಬೆರೆಸಬಹುದು. ಟಾಂಗ್‌ಝೋಂಗ್ ಎಂದು ಈಗ ಹೆಸರಾಗಿರುವುದು ಇದೇ ಗಂಜಿ. ಬೆಂದ ಪಿಷ್ಟ ನೀರನ್ನು ಬಿಗಿಯಾಗಿ ಹಿಡಿಯುವುದರಿಂದ ಕಣಕ ಗಟ್ಟಿ ಎನಿಸುತ್ತದೆ. 20–25 ಗ್ರಾಂ ಹಾಲು ಹೆಚ್ಚಿಗೆ ಬೇಕಾಗುತ್ತದೆ.

ಇಷ್ಟನ್ನೂ ಪ್ರತಿ ಸಲ ಅಚ್ಚು ಹಾಕಲು ಜಾಗ ಇರುವುದಿಲ್ಲವೆಂದು ಬಲ್ಲೆ. ಗ್ರಾಂ ಲೆಕ್ಕ, ಯೀಸ್ಟಿನ ಬಗೆ, ಕಣಕದ ಬಿಸಿ, ಸಕ್ಕರೆಗೆ ಮೊದಲಿನ ಆ ಅರ್ಧ ಗಂಟೆ ಇವಿಷ್ಟು ಎರಡು ಸಾಲಿನಲ್ಲಿ ಹಿಡಿಯುತ್ತವೆ. ಚಿತ್ರದ ವಿಷಯದಲ್ಲೂ ಒಂದು ಕೋರಿಕೆ. ಮಿರುಗುವ ಬನ್ನಿನ ಹೊರಮೈಯ ಜೊತೆಗೆ ಅದೇ ಬನ್ನನ್ನು ಮುರಿದು ತೆಗೆದ ಚಿತ್ರವೂ ಇರಲಿ. ಎಳೆಎಳೆಯಾಗಿ ಸೀಳಿಕೊಂಡರೆ ನಾದಿದ್ದು ಸಾಕಾಗಿದೆ, ಪುಡಿಪುಡಿಯಾದರೆ ಸಾಲದು, ತಳದಲ್ಲಿ ದಟ್ಟವಾದ ಪಟ್ಟಿಯಿದ್ದರೆ ಎರಡನೇ ಉಬ್ಬು ಕಡಿಮೆಯಾಗಿದೆ ಎಂದು ಓದುಗರು ತಮ್ಮ ಬನ್ನನ್ನು ಪುಟದ ಪಕ್ಕದಲ್ಲಿಟ್ಟು ನೋಡಿಕೊಳ್ಳಬಹುದು.

ಇಂತಿ,
ಅಡುಗೆ ಪುಟದ ಓದುಗರಲ್ಲೊಬ್ಬರು